ಫ್ರೆಂಚ್ ಪಿಕ್ಚರಿನಲ್ಲಿ ಕಳೆದುಹೋದ ಪ್ರವರ

ತ್ರಿಪ್ಲಿಕೇನಿನ ನಮ್ಮ ಬೀದಿಯಲ್ಲಿ ಇವತ್ತಿಗೂ ಯಾರಾದರೂ ಬಸ್ಸಿನಲ್ಲಿ ಕೊಡೆ ಮರೆತು ಬಂದರೆ, "ಏನ್ರೀ, ಫ್ರೆಂಚ್ ಪಿಕ್ಚರ್ ನೋಡಿ ಬಂದ್ರಾ?" ಎಂದು ಕೇಳುತ್ತಾರೆ. ಕೇಳಿದವರು ಜೊತೆಗೇ ನನ್ನ ಕಡೆ ಒಂದು ಸಲ ತಿರುಗಿ ನೋಡುವುದೂ ಉಂಟು. ನೋಡಲಿ. ಪಾಸು ಕೊಡಿಸಿದವನು ನಾನೇ, ಇಲ್ಲ ಎನ್ನುವುದಿಲ್ಲ. ಆದರೆ ಪಾಸು ಕೊಡಿಸಿದವನೇ ಎಲ್ಲದಕ್ಕೂ ಹೊಣೆ ಎನ್ನುವುದಾದರೆ, ರೈಲಿನಲ್ಲಿ ಕಳೆದುಹೋದ ಟ್ರಂಕುಗಳಿಗೆಲ್ಲ ಬುಕಿಂಗ್ ಕ್ಲಾರ್ಕಿನ ಕುತ್ತಿಗೆ ಹಿಡಿಯಬೇಕಾಗುತ್ತದೆ.

ಪಂಢರಿನಾಥನ ಮನೆಯವರು ಮಾಧ್ವರು. ಅವನ ಮುತ್ತಜ್ಜನ ಕಾಲಕ್ಕೇ ಮದರಾಸಿಗೆ ಬಂದು ಬೇರು ಬಿಟ್ಟವರು. ನಾನು, ರಾಮದಾಸ, ಮೈಸೂರು ಕಡೆಯಿಂದ ಬಂದು ಅವರ ಮಹಡಿಯ ಮೇಲಿನ ಎರಡು ಕೋಣೆಗಳಲ್ಲಿ ಬಾಡಿಗೆಗೆ ಇದ್ದವನು. ಇಬ್ಬರಿಗೂ ಮೌಂಟ್ ರೋಡಿನ ಒಂದು ಇನ್ಶೂರೆನ್ಸ್ ಕಚೇರಿಯಲ್ಲಿ ಕೆಲಸ. ನಾನು ಟಪಾಲಿನಲ್ಲಿ, ಅವನು ರೆಕಾರ್ಡಿನಲ್ಲಿ. ಪಂಢರಿಯ ನೆನಪಿನ ಶಕ್ತಿ ಎಂಥದೆಂದರೆ, ಪಾಲಿಸಿ ನಂಬರು ಹೇಳಿದರೆ ಸಾಕು, ಅರ್ಧ ಕಣ್ಣು ಮುಚ್ಚಿ, "ಸೌಕಾರ್‌ಪೇಟೆ ಸೇಟು, ಎಡಗಡೆ ಕಪಾಟು, ಮೂರನೇ ಹಲಗೆ, ಇಲಿ ಕಡಿದ ಕಟ್ಟು" ಎನ್ನುತ್ತಿದ್ದ. ಹೋಗಿ ನೋಡಿದರೆ ಕಟ್ಟೂ ಇರುತ್ತಿತ್ತು, ಇಲಿ ಕಡಿದದ್ದೂ ಇರುತ್ತಿತ್ತು.

ಅರವತ್ತೆರಡನೇ ಇಸವಿಯಲ್ಲಿ ರೆಕಾರ್ಡ್ ಸೂಪರಿಂಟೆಂಡೆಂಟರು ನಿವೃತ್ತರಾಗುವ ಕಾಲ ಬಂತು. ಆ ಜಾಗ ತನಗೆ ಸಿಗಬೇಕೆಂದು ಪಂಢರಿ ಹದಿನೈದು ವರ್ಷದಿಂದ ಕಾದಿದ್ದ. ಆಸೆಯೆಲ್ಲ ಕುರ್ಚಿಯ ಮೇಲೆ. ನಮ್ಮ ಕಚೇರಿಯಲ್ಲಿ ಗುಮಾಸ್ತರಿಗೆ ಕೈಯಿಲ್ಲದ ಕುರ್ಚಿ, ಸೂಪರಿಂಟೆಂಡೆಂಟರಿಗೆ ಕೈ ಇರುವ ಕುರ್ಚಿ. ಅವನ ತಾಯಿ ಭೀಮಾಬಾಯಿ, ಎಪ್ಪತ್ತು ವರ್ಷದ ಮುದುಕಿ, "ನನ್ನ ಮಗನಿಗೆ ಕೈ ಇರೋ ಕುರ್ಚಿ ಬರ್ತಿದೆ" ಎಂದು ಪಾರ್ಥಸಾರಥಿ ಗುಡಿಯ ಹೂವಿನವಳಿಗೂ ಹೇಳಿ ಮುಗಿಸಿದ್ದರು. ಆರ್ಡರಿಗೆ ರುಜು ಹಾಕಬೇಕಾದವರು ನಮ್ಮ ಮ್ಯಾನೇಜರು ವಿಷ್ಣುಮೂರ್ತಿಗಳು. ಹಾಕುವುದು ಬರುವ ಶುಕ್ರವಾರ.

ವಿಷ್ಣುಮೂರ್ತಿಗಳು ಒಂದು ಫಿಲ್ಮ್ ಸೊಸೈಟಿಯ ಅಧ್ಯಕ್ಷರು. ಸಮುದ್ರದ ಹತ್ತಿರದ ಒಂದು ಹಾಲಿನಲ್ಲಿ ತಿಂಗಳಿಗೊಂದು ವಿದೇಶಿ ಪಿಕ್ಚರು ತೋರಿಸುತ್ತಿದ್ದರು. ರುಜುವಿಗೆ ಮುಂಚಿನ ಶನಿವಾರ ಅವರ ಕಣ್ಣಿಗೆ ಬೀಳುವುದು ಒಳ್ಳೆಯದೆಂದು ಪಂಢರಿಗೆ ಪಾಸು ಕೊಡಿಸಿ ಸಲಹೆ ಕೊಟ್ಟವನು ನಾನೇ. ಒಳ್ಳೆಯ ಮನಸ್ಸಿನಿಂದಲೇ ಕೊಟ್ಟೆ.

ಪಿಕ್ಚರು ಶುರುವಾಯಿತು. ಓವರ್‌ಕೋಟು ಹಾಕಿದ ಒಬ್ಬ ಮನುಷ್ಯ ಸಮುದ್ರದ ದಂಡೆಗೆ ಬಂದು ಒಂದು ಬೆಂಚಿನ ಮೇಲೆ ಕೂತ. ಸಮುದ್ರ ನೋಡಿದ. ನಾವೂ ನೋಡಿದೆವು. ಅರ್ಧ ಗಂಟೆಯ ಮೇಲೆ ಒಬ್ಬಳು ಹೆಂಗಸು ಬಂದು ಫ್ರೆಂಚಿನಲ್ಲಿ ಏನೋ ಕೇಳಿದಳು. ಅವನು ಉತ್ತರ ಕೊಡದೆ ಮತ್ತೆ ಸಮುದ್ರ ನೋಡಿದ. ನಡುವೆ ಒಂದು ನಾಯಿ ಅಡ್ಡ ಹಾದುಹೋಯಿತು. ಆಗ ಮಾತ್ರ ಸಭೆಯಲ್ಲಿ ನಾಲ್ಕು ಜನ ಎದ್ದು ಕೂತರು. ಬಾಗಿಲಲ್ಲಿ ಹಂಚಿದ ಚೀಟಿಯಲ್ಲಿ, ಈ ಮನುಷ್ಯನಿಗೆ ತಾನು ಯಾರೆಂಬುದು ಮರೆತುಹೋಗಿದೆ, ಆ ಹೆಂಗಸು ಅವನ ಹೆಂಡತಿ ಇರಬಹುದು, ಇಲ್ಲದೆಯೂ ಇರಬಹುದು ಎಂದು ಅಚ್ಚಾಗಿತ್ತು.

"ಪಿಕ್ಚರ್ ತೆಗೆದೋರಿಗೇ ಗೊತ್ತಿಲ್ಲದಿದ್ರೆ ನಮಗೆ ಹೇಗೋ ಗೊತ್ತಾಗಬೇಕು?" ಎಂದು ಪಂಢರಿ ನನ್ನ ಕಿವಿಯಲ್ಲಿ ಕೇಳಿದ.

"ಸುಮ್ಮನಿರು. ಮ್ಯಾನೇಜರು ಹಿಂದಿನ ಸಾಲಿನಲ್ಲೇ ಇದ್ದಾರೆ."

ಕೊನೆಗೂ ಮುಗಿಯಿತು. ಬಾಗಿಲಲ್ಲಿ ವಿಷ್ಣುಮೂರ್ತಿಗಳು ಒಬ್ಬೊಬ್ಬರನ್ನೇ ನಿಲ್ಲಿಸಿ "ಹೇಗಿತ್ತು?" ಎಂದು ಕೇಳುತ್ತಿದ್ದರು. "ಫೋಟೋಗ್ರಫಿ ಚೆನ್ನಾಗಿತ್ತು ಸಾರ್," ಎಂದವರ ಮುಂದೆಲ್ಲ ಮುಖ ಸಿಂಡರಿಸುತ್ತಿದ್ದರು. ನಮ್ಮ ಪಂಢರಿಯ ಸರದಿ ಬಂತು. ಏನೂ ತೋಚದೆ ಅವರ ಭುಜದ ಮೇಲಿಂದ ದೂರದಲ್ಲೆಲ್ಲೋ ನೋಡುತ್ತ ನಿಂತುಬಿಟ್ಟ.

ವಿಷ್ಣುಮೂರ್ತಿಗಳು ಅರ್ಧ ನಿಮಿಷ ಅವನನ್ನೇ ನೋಡಿದರು. "ಮೌನ!" ಎಂದರು. "ಇಡೀ ಹಾಲಿನಲ್ಲಿ ನೀವೊಬ್ಬರೇ ಸರಿಯಾದ ಉತ್ತರ ಕೊಟ್ಟಿರಿ, ಪಂಢರಿನಾಥ್. ಶುಕ್ರವಾರ ನೋಡೋಣ."

ಅಷ್ಟೇ. ಅಲ್ಲಿಗೆ ಅವನ ತಲೆ ತಿರುಗಿತು. ಹದಿನೈದು ವರ್ಷ ಬಾಯಿ ಬಿಟ್ಟು ಸಂಪಾದಿಸಲಾಗದ್ದನ್ನು ಒಂದು ನಿಮಿಷ ಬಾಯಿ ಮುಚ್ಚಿ ಸಂಪಾದಿಸಿದ್ದ. ಇನ್ನು ಶುಕ್ರವಾರದವರೆಗೆ ಇದನ್ನೇ ಅಭ್ಯಾಸ ಮಾಡುವುದೆಂದು ನಿಶ್ಚಯಿಸಿದ.

ಭಾನುವಾರ ಬೆಳಗ್ಗೆ ಮನೆ ಮುಂದಿನ ತಿಣ್ಣೆಯ ಮೇಲೆ, ನಮ್ಮ ಊರಲ್ಲಿ ಜಗಲಿ ಅನ್ನುತ್ತೇವಲ್ಲ ಅದರ ಮೇಲೆ, ಶಾಲು ಹೊದ್ದು ಕೂತ. ಎದುರಿಗೆ ಸಮುದ್ರವಿರಲಿಲ್ಲ, ಜಾನಕಮ್ಮನವರ ಮನೆಯ ಗೋಡೆಯಿತ್ತು. ಅದನ್ನೇ ನೋಡಿದ. ಹೆಂಡತಿ ರತ್ನಾವತಿ ಕಾಫಿ ತಂದಳು.

"ಏನ್ರೀ, ಕಾಫಿ."

ಮೌನ.

"ಆರಿ ಹೋಗತ್ತೆ. ಯಾರಿಗೆ ಅಂದ್ಕೊಂಡ್ರಿ, ನಿಮಗೇ ಹೇಳ್ತಿರೋದು."

"ನಾನು ಯಾರು ಅಂತ ಯಾರಿಗೆ ಗೊತ್ತು, ರತ್ನಾ?" ಎಂದ ಪಂಢರಿ, ಗೋಡೆಯಿಂದ ಕಣ್ಣು ತೆಗೆಯದೆ.

"ತರಕಾರಿ ತರಬೇಕಾದೋರು ಅಂತ ನನಗೆ ಗೊತ್ತು," ಎಂದು ರತ್ನಾವತಿ ಕಾಫಿ ಲೋಟದ ಪಕ್ಕದಲ್ಲಿ ಕೈಚೀಲವನ್ನೂ ಇಟ್ಟು ಒಳಗೆ ಹೋದಳು. ಆಕೆ ಒಂದು ಕ್ಷಣವೂ ನಂಬಲಿಲ್ಲ. ಇದನ್ನು ಓದುಗರು ನೆನಪಿಟ್ಟುಕೊಳ್ಳಬೇಕು.

ನಂಬಿದವರು ಭೀಮಾಬಾಯಿ. ಹೂಬತ್ತಿ ಹೊಸೆಯುತ್ತ ಬಾಗಿಲ ಹಿಂದೆ ಕೂತಿದ್ದವರು ಎದ್ದೇ ಬಂದರು. "ಏನೋ ಪಂಢರೀ, ಏನಂದೆ? ನೀನು ಯಾರು ಅಂತ ಗೊತ್ತಿಲ್ವಾ? ನಾನು ಯಾರೋ?"

ಇಲ್ಲಿ "ನನ್ನಮ್ಮ" ಎಂದಿದ್ದರೆ ಈ ಕಥೆಯೇ ಇಲ್ಲ. ಆದರೆ ಅಭ್ಯಾಸ ಕೆಡುತ್ತದಲ್ಲ! ತಾಯಿಯ ತಲೆಯ ಮೇಲಿಂದ ದೂರ ನೋಡಿ, ಒಂದು ನಿಟ್ಟುಸಿರು ಬಿಟ್ಟು, "ಇರಬಹುದು, ಇಲ್ಲದೆಯೂ ಇರಬಹುದು" ಎಂದುಬಿಟ್ಟ.

ಭೀಮಾಬಾಯಿ ಕೂಗಿದ ಕೂಗಿಗೆ ಎದುರುಮನೆ ಜಾನಕಮ್ಮನವರು ಸೌಟು ಹಿಡಿದುಕೊಂಡೇ ಓಡಿ ಬಂದರು. ನಾನು ಮುಖಕ್ಕೆ ಹಚ್ಚಿದ ಸೋಪಿನೊಡನೆ ಮೆಟ್ಟಿಲಿಳಿದೆ. ಆ ಹೊತ್ತಿಗೆ ಪಂಢರಿ ಎದ್ದು ನಿಂತು ಎರಡೂ ಕೈ ಆಡಿಸುತ್ತಿದ್ದ. "ಅಮ್ಮಾ, ಸುಮ್ಮನೆ ಅಂದೆ. ನಾನು ಪಂಢರಿ, ನಿನ್ನ ಮಗ. ಇವಳು ರತ್ನಾ. ಇವನು ರಾಮದಾಸ. ಅವರು ಜಾನಕಮ್ಮ."

"ಹೆಸರು ಗಿಣಿಯೂ ಹೇಳತ್ತೆ," ಎಂದರು ಭೀಮಾಬಾಯಿ. "ಗೋತ್ರ ಹೇಳು."

"ಕಾಶ್ಯಪ."

"ಪ್ರವರ ಹೇಳು."

ಪಂಢರಿ "ಕಾಶ್ಯಪ..." ಎಂದು ಶುರು ಮಾಡಿದವನು ಅಲ್ಲಿಗೇ ನಿಂತ. ಮೇಲೆ ನೋಡಿದ, ಕೆಳಗೆ ನೋಡಿದ, ಜಾನಕಮ್ಮನವರ ಸೌಟು ನೋಡಿದ. ಮುಂದೆ ಬರಲಿಲ್ಲ.

ಪ್ರವರವೆಂದರೇನೆಂದು ತಿಳಿಯದವರಿಗೆ ಒಂದು ಮಾತು. ಸಂಧ್ಯಾವಂದನೆಯ ಕೊನೆಯಲ್ಲಿ ಇವರು ಕಿವಿ ಮುಟ್ಟಿಕೊಂಡು ಬಗ್ಗಿ, ನಾನು ಇಂಥಿಂಥ ಋಷಿಗಳ ವಂಶದವನು, ಇಂಥ ಗೋತ್ರದವನು, ಇಂಥ ಹೆಸರಿನವನು ಎಂದು ದೇವರಿಗೆ ಗುರುತು ಹೇಳಿಕೊಳ್ಳುತ್ತಾರೆ. ಆ ಋಷಿಗಳ ಪಟ್ಟಿಯೇ ಪ್ರವರ. ದಿನಾ ಹೇಳುವವನಿಗೆ ಅದು ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಬರುತ್ತದೆ. ಪಂಢರಿ ಎಂಟನೆಯ ವಯಸ್ಸಿನಿಂದ ದಿನಾ ಬೆಳಗ್ಗೆ ದೇವರ ಕೋಣೆಯ ಬಾಗಿಲು ಹಾಕಿಕೊಂಡು ಹೇಳುತ್ತಿದ್ದಾನೆಂಬುದು ಬೀದಿಗೇ ಗೊತ್ತು. ಅವನು ಹೊರಗೆ ಬಂದ ಮೇಲೆ ಭೀಮಾಬಾಯಿ ಆಚಮನದ ನೀರಿನ ಪಂಚಪಾತ್ರೆ ನೋಡುತ್ತಿದ್ದರು. ತುಂಬಿಟ್ಟ ನೀರು ಅರ್ಧಕ್ಕೆ ಇಳಿದಿರುತ್ತಿತ್ತು. "ಅವರಪ್ಪನ ಹಾಗೇ. ಅವರೂ ಒಂದು ಹೊತ್ತು ಬಿಟ್ಟೋರಲ್ಲ," ಎಂದು ನನ್ನಂಥ ಊದುಬತ್ತಿ ಹಚ್ಚಿ ಕೈತೊಳೆದುಕೊಳ್ಳುವವರಿಗೆ ಕೇಳಿಸುವಂತೆ ಹೇಳುತ್ತಿದ್ದರು.

"ಹೋಯ್ತು!" ಎಂದರು ಈಗ ಭೀಮಾಬಾಯಿ, ಸೆರಗು ಬಾಯಿಗೆ ಹಿಡಿದು. "ಮೂರು ಜನ ಋಷಿಗಳಲ್ಲಿ ಒಬ್ಬರು ಉಳಿದಿದ್ದಾರೆ. ಆ ಪರಂಗಿಯೋರ ಪಿಕ್ಚರು ಉಳಿದವರನ್ನ ನುಂಗಿಬಿಡ್ತು!"

ಹದಿಮೂರು ವರ್ಷದ ಮಗಳು ಉಷಾ, ಜಡೆ ಹೆಣೆದುಕೊಳ್ಳುತ್ತ, "ಅಪ್ಪಾ ಸುಮ್ಮಾ ನಡಿಕ್ಕಿರಾರು, ಪಾಟ್ಟಿ" ಎಂದಳು. ಅಪ್ಪ ಸುಮ್ಮನೆ ನಾಟಕ ಆಡ್ತಿದ್ದಾರೆ, ಅಜ್ಜಿ, ಎಂದು. ಸತ್ಯ ಹೊರಗೆ ಬಂತು, ಆದರೆ ತಮಿಳಿನಲ್ಲಿ ಬಂತು. "ಮನೆಯಲ್ಲಿ ಕನ್ನಡ ಮಾತಾಡು ಅಂತ ಎಷ್ಟು ಸಲ ಹೇಳಲಿ!" ಎಂದು ಅಜ್ಜಿ ಗದರಿದರು. ಸತ್ಯದ ವಿಚಾರಣೆ ಅಲ್ಲಿಗೆ ಮುಗಿಯಿತು.

ಅಂದು ಸಂಜೆ ಪಂಢರಿ ನನ್ನನ್ನು ಮರೀನಾ ಬೀಚಿಗೆ ಎಳೆದುಕೊಂಡು ಹೋಗಿ ಮರಳಿನಲ್ಲಿ ಕುಕ್ಕರಿಸಿದ.

"ರಾಮದಾಸ, ನಿನಗೊಬ್ಬನಿಗೇ ಹೇಳ್ತಿದ್ದೀನಿ. ಪ್ರವರ ಮರೆತದ್ದು ನಿನ್ನೆ ಅಲ್ಲ ಕಣೋ. ಇಪ್ಪತ್ತು ವರ್ಷ ಆಯ್ತು."

"ಮತ್ತೆ ದಿನಾ ಬಾಗಿಲು ಹಾಕ್ಕೊಂಡು?"

"ಪಂಚೆ ಒಳಗೆ ಪೇಪರ್ ಮಡಿಚಿಟ್ಕೊಂಡು ಹೋಗ್ತೀನಿ. ಕ್ರಿಕೆಟ್ ಸ್ಕೋರ್ ನೋಡ್ತೀನಿ. ತುಟಿ ಅಲ್ಲಾಡಿಸಿ ಎದ್ದು ಬರ್ತೀನಿ. ಪಂಚಪಾತ್ರೆ ಮುಟ್ಟೋದೂ ಇಲ್ಲ. ಅಮ್ಮ ಒಂದು ದಿನ ಬಗ್ಗಿ ನೋಡಿದ್ರೆ ನನ್ನ ಗತಿ ಏನು ಅಂತ ಇಪ್ಪತ್ತು ವರ್ಷ ಹೆದರಿದ್ದೀನಿ. ದೇವರು ದೊಡ್ಡೋನು, ಇನ್ನೂ ನೋಡಿಲ್ಲ."

ದಿನಾ ನೋಡುತ್ತಾರೆಂದು ನನಗೆ ಗೊತ್ತಿತ್ತು. ನೀರು ಅರ್ಧ ಇಳಿದಿರುತ್ತದೆಂದೂ ಗೊತ್ತಿತ್ತು. ಲೆಕ್ಕ ತಾಳೆಯಾಗಲಿಲ್ಲ. ಆದರೆ ಹೆದರಿದವನನ್ನು ಇನ್ನಷ್ಟು ಹೆದರಿಸಬಾರದೆಂದು ಸುಮ್ಮನಾದೆ.

"ಹೋಗಿ ನಿಜ ಹೇಳಿಬಿಡು," ಎಂದೆ.

"ಅಪ್ಪ ತೀರಿಕೊಂಡಾಗ ಅಮ್ಮ ನನ್ನ ತಲೆ ಮೇಲೆ ಕೈಯಿಟ್ಟು ಹೇಳಿದ್ದು ಇದೊಂದೇ ಮಾತು ಕಣೋ, 'ಅವರು ಬಿಟ್ಟವರಲ್ಲ, ನೀನೂ ಬಿಡಬೇಡ' ಅಂತ. ಈಗ ಹೋಗಿ ಬಿಟ್ಟೆ ಅನ್ನಲಾ? ಅದಕ್ಕಿಂತ ನೆನಪು ಹೋಗಿದೆ ಅಂತಲೇ ಇರಲಿ." ಅವನ ಕಣ್ಣಲ್ಲಿ ನೀರಿತ್ತು.

ಸೋಮವಾರದಿಂದ ಚಿಕಿತ್ಸೆ. ಜಾನಕಮ್ಮನವರು ಜ್ಞಾಪಕಶಕ್ತಿಗೆಂದು ಒಂದೆಲಗದ ಸೊಪ್ಪು ಒಂದು ಮೊರ ತಂದರು. ಒಂದೆಲಗದ ತಂಬುಳಿ, ಒಂದೆಲಗದ ಚಟ್ನಿ, ಒಂದೆಲಗದ ದೋಸೆ. ತಲೆಗೆ ಒಂದೆಲಗದ ಎಣ್ಣೆ. ಮಂಗಳವಾರದ ಹೊತ್ತಿಗೆ ಪಂಢರಿಯ ಮುಖವೇ ಹಸಿರಾಗಿತ್ತು. ಬಂದವರೆಲ್ಲ ತಿಣ್ಣೆಯ ಮುಂದೆ ನಿಂತು "ನಾನು ಯಾರು, ಹೇಳಿ ನೋಡೋಣ?" ಎಂದು ಕೇಳುವುದು, ಇವನು ಹೇಳುವುದು, ಅವರು "ಪರವಾಯಿಲ್ಲೆ, ನಾನೊಬ್ಬ ನೆನಪಿದ್ದೀನಿ" ಎಂದು ಹೆಮ್ಮೆಯಿಂದ ಹೋಗುವುದು. ಪೋಸ್ಟ್‌ಮ್ಯಾನೂ ಕೇಳಿ ಹೋದ.

ಪೆರಂಬೂರಿನಿಂದ ಸೋದರಮಾವ ಹರಿದಾಸರಾಯರು ಬಂದರು. ಭೀಮಾಬಾಯಿಯ ತಮ್ಮ, ರೈಲ್ವೆ ಬೋಗಿ ಕಾರ್ಖಾನೆಯಲ್ಲಿ ಫೋರ್‌ಮನ್. ಪಂಢರಿಯ ತಲೆಯನ್ನು ಬೆರಳ ಗೆಣ್ಣಿನಿಂದ ಎರಡು ಕಡೆ ತಟ್ಟಿ, ಕಿವಿಯಿಟ್ಟು ಕೇಳಿದರು.

"ಬಾಡಿ ಗಟ್ಟಿಯಾಗಿದೆ, ಅಕ್ಕಾ. ಹಳಿ ತಪ್ಪಿದೆ, ಅಷ್ಟೇ. ಗಾಡಿ ಎಲ್ಲಿ ಹಳಿ ತಪ್ಪಿತೋ ಅಲ್ಲೇ ಎತ್ತಿ ಕೂರಿಸಬೇಕು. ಬೇರೆ ಕಡೆ ಕೂರಿಸಿದರೆ ಓಡಲ್ಲ."

"ಅಂದ್ರೆ?"

"ಆ ಪಿಕ್ಚರನ್ನೇ ಇನ್ನೊಂದು ಸಲ ತೋರಿಸಬೇಕು."

"ಮಾಮಾ, ಕೊಲ್ಲಬೇಡಿ," ಎಂದ ಪಂಢರಿ.

"ನೋಡಿದ್ಯಾ ಅಕ್ಕಾ? ಆ ಹೆಸರು ಕೇಳಿದರೇ ನಡುಗ್ತಾನೆ. ರೋಗ ಅಲ್ಲೇ ಇದೆ."

ಹರಿದಾಸರಾಯರು ಅಷ್ಟಕ್ಕೆ ನಿಲ್ಲದೆ, ಅಳಿಯನಿಗೆ ರಜ ಬೇಕೆಂದು, ಕಾರಣ "ಸ್ಮರಣಶಕ್ತಿ ಸಂಪೂರ್ಣ ನಷ್ಟ" ಎಂದು ಬರೆದು ಮ್ಯಾನೇಜರಿಗೆ ರಿಜಿಸ್ಟರ್ಡ್ ಪೋಸ್ಟಿನಲ್ಲಿ ಕಾಗದ ಕಳಿಸಿದರು. ಪುಣ್ಯಕ್ಕೆ ಟಪಾಲು ನನ್ನ ಕೈಗೆ ಬಂತು. ಅದನ್ನು ಮಸಿಪ್ಯಾಡಿನ ಕೆಳಗೆ ಅಡಗಿಸಿ, ಪಂಢರಿಗೆ ಜ್ವರವೆಂದು ವಿಷ್ಣುಮೂರ್ತಿಗಳಿಗೆ ಹೇಳಿದೆ. ಇಪ್ಪತ್ತೆರಡು ವರ್ಷದ ಸರ್ವೀಸಿನಲ್ಲಿ ನಾನು ತಡೆಹಿಡಿದ ಟಪಾಲು ಅದೊಂದೇ.

ಮೊದಲ ಸಲ ಸದಸ್ಯರಲ್ಲಿ ಅನೇಕರು ನಿದ್ದೆ ಹೋಗಿದ್ದರೆಂದು ಸೊಸೈಟಿಯವರು ಬುಧವಾರ ಸಂಜೆ ಐದಕ್ಕೆ ಅದೇ ಪಿಕ್ಚರನ್ನು ಮತ್ತೆ ಇಟ್ಟಿದ್ದರು. ನಾಲ್ಕೂವರೆಗೆ ಎರಡು ಜಟಕಾದಲ್ಲಿ, ಹರಿದಾಸರಾಯರೂ ನಾನೂ ಸೇರಿದಂತೆ, ಪಂಢರಿಯ ಸಂಸಾರ ಹಾಲಿಗೆ ಬಂದಿಳಿಯಿತು. ಭೀಮಾಬಾಯಿ ಮಡಿಸೀರೆ ಉಟ್ಟು ಒಂದು ತಂಬಿಗೆ ನೀರು ತಂದಿದ್ದರು. ಅವರು ಜೀವಮಾನದಲ್ಲಿ ನೋಡಿದ ಮೊದಲನೆಯ ಪಿಕ್ಚರು ಅದು.

ಓವರ್‌ಕೋಟಿನವನು ಬಂದು ಬೆಂಚಿನ ಮೇಲೆ ಕೂತ.

"ಯಾರಿವನು?" ಎಂದರು ಭೀಮಾಬಾಯಿ, ಇಡೀ ಹಾಲಿಗೆ ಕೇಳುವಂತೆ.

"ಅವನಿಗೇ ಗೊತ್ತಿಲ್ಲ, ಅತ್ತೆ," ಎಂದಳು ರತ್ನಾವತಿ.

"ಪಾಪ. ಊಟ ಆಗಿದೆಯೋ ಇಲ್ವೋ." ಅರ್ಧ ಗಂಟೆ ಸುಮ್ಮನಿದ್ದರು. ಹೆಂಗಸು ಬಂದಳು, ಏನೋ ಕೇಳಿದಳು, ಅವನು ಸಮುದ್ರ ನೋಡಿದ. ಭೀಮಾಬಾಯಿಗೆ ತಡೆಯಲಾಗಲಿಲ್ಲ. "ಏನಮ್ಮಾ ಇವಳು, ನಿಂತು ನಿಂತು ಅಳ್ತಾಳೆ! ಗೋತ್ರ ಕೇಳೇ! ಯಾವ ಊರು, ಯಾವ ಮಠ, ಕೇಳೇ!"

"ಪಾಟ್ಟೀ!" ಎಂದು ಉಷಾ ಸೆರಗು ಎಳೆದಳು. ಸುತ್ತಲಿನವರು "ಶ್" ಎಂದರು. ಆದರೆ ಆವತ್ತು ಆ ಹಾಲಿನಲ್ಲಿ ಒಬ್ಬರೂ ನಿದ್ದೆ ಹೋಗಲಿಲ್ಲ ಎಂಬುದನ್ನು ಸೊಸೈಟಿಯ ಚರಿತ್ರೆ ಬರೆಯುವವರು ಗಮನಿಸಬೇಕು.

ಮುಗಿದ ಮೇಲೆ ಎಲ್ಲರೂ ರಸ್ತೆ ದಾಟಿ ಬೀಚಿಗೆ ಬಂದೆವು, ಗಾಳಿ ತಾಗಿದರೆ ರೋಗಿಗೆ ಒಳ್ಳೆಯದೆಂದು. ಬೆಳಕು ಇನ್ನೂ ಇತ್ತು. ಹಿಂದೆಯೇ ವಿಷ್ಣುಮೂರ್ತಿಗಳು ಬಂದರು. ನಾನು ಅಡಗಿಕೊಳ್ಳಲು, ಬೇಯಿಸಿದ ಕಡಲೆಯ ಸುಂಡಲು ಮಾರುವವನ ಬುಟ್ಟಿಯ ಹಿಂದೆ ಹೋದೆ. ಪ್ರಯೋಜನವಾಗಲಿಲ್ಲ.

"ಪಂಢರಿನಾಥ್! ಜ್ವರದಲ್ಲೂ ಎರಡನೇ ಸಲ ನೋಡಲು ಬಂದಿರಾ? ಸಂಸಾರ ಸಮೇತ?" ಎಂದು ಮುಖ ಅರಳಿಸಿ ಕೇಳಿದರು.

"ಜ್ವರ ಅಲ್ಲಪ್ಪಾ," ಎಂದರು ಭೀಮಾಬಾಯಿ. "ನೀವೇ ಏನು ಈ ಪಿಕ್ಚರ್ ತೋರಿಸೋರು? ನನ್ನ ಮಗನ ನೆನಪು ಪೂರ್ತಿ ಹೋಗಿಬಿಟ್ಟಿದೆ. ನೀವೇ ವಾಪಸ್ ಕೊಡಿಸಬೇಕು."

ವಿಷ್ಣುಮೂರ್ತಿಗಳು ನನ್ನ ಕಡೆ ನೋಡಿದರು. ನಾನು ಸುಂಡಲಿನ ಕಡೆ ನೋಡಿದೆ. ಹರಿದಾಸರಾಯರು ರಿಜಿಸ್ಟರ್ಡ್ ಪೋಸ್ಟಿನ ರಸೀತಿಯನ್ನೇ ತೆಗೆದು ಅವರ ಕೈಗಿಟ್ಟರು.

"ಸ್ಮರಣಶಕ್ತಿ ಹೋಗಿದೆಯೇ? ನಾಳಿದ್ದು ಆರ್ಡರಿಗೆ ರುಜು ಹಾಕಬೇಕು. ನಲವತ್ತು ಸಾವಿರ ಫೈಲು! ನೆನಪಿಲ್ಲದವರ ಕೈಗೆ ರೆಕಾರ್ಡು ಹೇಗೆ ಕೊಡಲಿ?"

"ನೆನಪಿದೆ ಸಾರ್! ಯಾವ ನಂಬರು ಬೇಕಾದರೂ ಕೇಳಿ ಸಾರ್!" ಎಂದ ಪಂಢರಿ. ಹದಿನೈದು ವರ್ಷದ ಕುರ್ಚಿ ಕಣ್ಣೆದುರಿಗೇ ಕೈ ಬಿಟ್ಟು ಹೋಗುತ್ತಿತ್ತು.

"ನಂಬರು ಬೇಡ. ಪ್ರವರ ಕೇಳಿ," ಎಂದರು ಭೀಮಾಬಾಯಿ.

ಪಂಢರಿ "ಕಾಶ್ಯಪ..." ಎಂದು ನಿಂತ.

"ಮೂರು ಹೊತ್ತು ಹೇಳುವ ಪ್ರವರವೇ ನೆನಪಿಲ್ಲವೆಂದರೆ ಇದು ಗಂಭೀರ ವಿಷಯ," ಎಂದರು ವಿಷ್ಣುಮೂರ್ತಿಗಳು ಹುಬ್ಬು ಗಂಟಿಕ್ಕಿ.

"ಸಾರ್, ತಾವೂ ನಮ್ಮೋರೇ ಅಲ್ವಾ," ಎಂದರು ಹರಿದಾಸರಾಯರು. "ತಮ್ಮದೊಂದು ಸಲ ಜೋರಾಗಿ ಹೇಳಿಬಿಡಿ. ಕೇಳಿಸಿಕೊಂಡರೆ ಇವನ ಎಂಜಿನ್ನೂ ಸ್ಟಾರ್ಟ್ ಆಗತ್ತೆ."

ವಿಷ್ಣುಮೂರ್ತಿಗಳು ಗಂಟಲು ಸರಿಮಾಡಿಕೊಂಡರು. ಟೈ ಸರಿಮಾಡಿಕೊಂಡರು. "ನಮ್ಮದು ಭಾರದ್ವಾಜ ಗೋತ್ರ. ಆಂಗಿರಸ..." ಎಂದರು.

ಆಮೇಲೆ ಸಮುದ್ರ ನೋಡಿದರು.

ನಾವು ಕಾದೆವು. ಅಲೆ ಬಂತು, ಹೋಯಿತು. ನಡುವೆ ಒಂದು ನಾಯಿ ಅಡ್ಡ ಹಾದುಹೋಯಿತು.

"ಅಯ್ಯೋ ನರಹರೀ!" ಎಂದು ಭೀಮಾಬಾಯಿ ಎದೆಗೆ ಕೈ ಹೊಡೆದುಕೊಂಡರು. "ಇವರಿಗೂ ಹೋಯ್ತು! ರತ್ನಾ, ಒಂದೆಲಗ ಉಳಿದಿದೆಯೇನೇ?"

ಮ್ಯಾನೇಜರ ಆ ಮುಖ ನೋಡಿದ ಮೇಲೆ ಪಂಢರಿಗೆ ಎಲ್ಲಿಂದ ಧೈರ್ಯ ಬಂತೋ. ತಾಯಿಯ ಮುಂದೆ ಮರಳಿನಲ್ಲಿ ಮಂಡಿಯೂರಿದ. "ಅಮ್ಮಾ, ನೆನಪೂ ಹೋಗಿಲ್ಲ, ಗಿನಪೂ ಹೋಗಿಲ್ಲ. ನಾನು ಸಂಧ್ಯಾವಂದನೆ ಮಾಡಿ ಇಪ್ಪತ್ತು ವರ್ಷ ಆಯ್ತು. ಬಾಗಿಲು ಹಾಕ್ಕೊಂಡು ಪೇಪರ್ ಓದ್ತಿದ್ದೆ. ತಪ್ಪಾಯ್ತು."

ಭೀಮಾಬಾಯಿ ಮಗನ ತಲೆ ಸವರಿದರು. ಗಳಗಳ ಅತ್ತರು. "ಕೇಳಿದ್ಯಾ ಹರಿದಾಸಾ! ಮಾಡಿದ್ದು ಕೂಡ ಮರೆತುಬಿಟ್ಟಿದ್ದಾನೆ! ದಿನಾ ನಾನು ಕಣ್ಣಾರೆ ನೋಡ್ತಿದ್ದೆನಲ್ಲಾ, ಪಂಚಪಾತ್ರೆಯಲ್ಲಿ ಅರ್ಧ ನೀರು ಖರ್ಚಾಗಿರ್ತಿತ್ತು!"

"ಅರ್ಧ ನೀರಾ?" ಎಂದು ಪಂಢರಿ ಬೆಪ್ಪಾಗಿ ಬಾಯಿಬಿಟ್ಟ. "ನಾನು ಮುಟ್ಟೇ ಇಲ್ಲವಲ್ಲ!" ಅವನಿಗೇ ಈಗ ತನ್ನ ನೆನಪಿನ ಮೇಲೆ ಅನುಮಾನ ಬಂತು. ನನ್ನ ಕಡೆ ತಿರುಗಿ, "ರಾಮದಾಸ, ನಾನು ಮಾಡ್ತಿದ್ನೇನೋ?" ಎಂದು ಕೇಳಿದ. ವಿಷ್ಣುಮೂರ್ತಿಗಳು ಎರಡು ಹೆಜ್ಜೆ ಹಿಂದೆ ಸರಿದರು.

ಇನ್ನೇನು ಕುರ್ಚಿ ಸಮುದ್ರದ ಪಾಲಾಯಿತು ಎನ್ನುವಾಗ, ಇಷ್ಟು ಹೊತ್ತು ಚಪ್ಪಲಿಯ ಮರಳು ಕೊಡವುತ್ತ ನಿಂತಿದ್ದ ರತ್ನಾವತಿ ಬಾಯಿಬಿಟ್ಟಳು.

"ಅತ್ತೆ, ಇವರು ಹೇಳ್ತಿರೋದು ನಿಜ. ದಿನಾ ನಾನು ತುಂಬಿಸಿಡೋ ಪಂಚಪಾತ್ರೆ ತುಂಬಿದ ಹಾಗೇ ಇರ್ತಿತ್ತು. ನೀವು ನೋಡಿದ್ರೆ ನೊಂದ್ಕೋತೀರಿ ಅಂತ, ಇವರು ಎದ್ದು ಬಂದ ತಕ್ಷಣ ಒಳಗೆ ಹೋಗಿ ಅರ್ಧ ಚೆಲ್ಲಿ ಬಿಡ್ತಿದ್ದೆ."

"ದಿನಾನಾ?"

"ಮದುವೆ ಆದ ಎರಡನೇ ತಿಂಗಳಿಂದ."

ಹರಿದಾಸರಾಯರ ಬಾಯಲ್ಲಿ ಸುಂಡಲು ಹಾಗೇ ಉಳಿಯಿತು. ಭೀಮಾಬಾಯಿ ಸೊಸೆಯನ್ನೇ ನೋಡುತ್ತಿದ್ದರು. ಪಂಢರಿ ಕಣ್ಣು ಮುಚ್ಚಿಕೊಂಡ.

"ಎಲ್ಲಿಗೆ ಚೆಲ್ತಿದ್ದೆ?" ಎಂದು ಕೇಳಿದರು ಭೀಮಾಬಾಯಿ ಕೊನೆಗೆ.

"ಹಿತ್ತಲ ತುಳಸಿಗೆ."

"ನಾನೂ ಅಲ್ಲಿಗೇ ಚೆಲ್ತಿದ್ದೆ," ಎಂದರು ಭೀಮಾಬಾಯಿ. "ಇವರಪ್ಪಂದು. ಮೂವತ್ತೊಂದು ವರ್ಷ."

ಪಂಢರಿ ಕಣ್ಣು ಬಿಟ್ಟ. "ಅಪ್ಪಾನಾ? ಒಂದು ಹೊತ್ತೂ ಬಿಟ್ಟೋರಲ್ಲ ಅಂತ ನೀನೇ..."

"ಮತ್ತೇನು, ಮಗನಿಗೆ ಅಪ್ಪ ಬಾಗಿಲು ಹಾಕ್ಕೊಂಡು ತೂಕಡಿಸ್ತಾರೆ ಅಂತ ಹೇಳಬೇಕಿತ್ತಾ? ಹೋಗೋ ಮುಂಚೆ ಹೇಳಿದ್ರು, 'ಭೀಮಾ, ನೀರು ಯಾರು ಚೆಲ್ತಿದ್ರು ಅಂತ ನನಗೆ ಗೊತ್ತಿತ್ತು' ಅಂತ. ಗೊತ್ತಿದ್ರೆ ಸರಿ, ಮಲಕ್ಕೊಳ್ಳಿ ಅಂದೆ." ಭೀಮಾಬಾಯಿ ಒಂದು ಸಲ ಕಣ್ಣೊರೆಸಿಕೊಂಡರು. ಆಮೇಲೆ ನಗು ಬಂತು. ಮೊದಲು ಹೊಟ್ಟೆ ಕುಲುಕಿತು, ಆಮೇಲೆ ಮಡಿಸೀರೆಯ ಸೆರಗು ಕುಲುಕಿತು, ಸೊಸೆಯ ಭುಜ ಹಿಡಿದುಕೊಂಡು ನಕ್ಕರು. ಎಪ್ಪತ್ತು ವರ್ಷದ ಮುದುಕಿ ಹಾಗೆ ನಗುವುದನ್ನು ನಾನು ಬೇರೆಲ್ಲೂ ನೋಡಿಲ್ಲ.

ನಗು ನಿಂತ ಮೇಲೆ ವಿಷ್ಣುಮೂರ್ತಿಗಳ ಕಡೆ ತಿರುಗಿದರು. "ನೋಡಿಪ್ಪಾ, ಇನ್ನು ಪ್ರವರ ಗಿವರ ಏನೂ ಕೇಳಬೇಡಿ. ಇವನು ಯಾರು ಅಂತ ನನಗೆ ಗೊತ್ತಾಯ್ತು. ಇವನು ಅವರಪ್ಪನ ಮಗನೇ, ಎಳ್ಳಷ್ಟೂ ಸಂದೇಹ ಇಲ್ಲ. ಕೈ ಇರೋ ಕುರ್ಚಿ ಕೊಟ್ಟುಬಿಡಿ."

ವಿಷ್ಣುಮೂರ್ತಿಗಳು ಏನೋ ಯೋಚನೆಯಲ್ಲಿ ಬೇಗಬೇಗನೆ ಕಾರಿನ ಕಡೆ ಹೆಜ್ಜೆ ಹಾಕಿದರು.

ಶುಕ್ರವಾರ ಹನ್ನೊಂದು ಗಂಟೆಗೆ ಆರ್ಡರು ಬಂತು. ಟಪಾಲಿನವನಾದ್ದರಿಂದ ನಾನೇ ಕೈಯಾರೆ ಒಯ್ದು ಕೊಟ್ಟೆ. ಪಂಢರಿ ಕುರ್ಚಿಯ ಎರಡೂ ಕೈಗಳ ಮೇಲೆ ತನ್ನ ಎರಡೂ ಕೈಯಿಟ್ಟು ಐದು ನಿಮಿಷ ಮಾತಿಲ್ಲದೆ ಕೂತ. ಈ ಸಲ ಅದು ಅಭ್ಯಾಸವಾಗಿರಲಿಲ್ಲ.

ಅದಕ್ಕೆ ಅವನು ತೆತ್ತ ಬೆಲೆಯೂ ಇತ್ತು. ಭೀಮಾಬಾಯಿಯ ಅಪ್ಪಣೆಯಂತೆ ಅವನೀಗ ಬೆಳಗ್ಗೆ ತಿಣ್ಣೆಯ ಮೇಲೆ, ಬೀದಿಗೆಲ್ಲ ಕಾಣುವಂತೆ, ಗಟ್ಟಿಯಾಗಿ ಸಂಧ್ಯಾವಂದನೆ ಮಾಡಬೇಕು. "ಕಾಶ್ಯಪ, ಆವತ್ಸಾರ..." ಎಂದು ತಡವರಿಸಿದರೆ ಒಳಗಿನಿಂದ ಉಷಾ "ನೈಧ್ರುವ, ಅಪ್ಪಾ!" ಎಂದು ಕೂಗುತ್ತಾಳೆ. ಅಷ್ಟಂತೂ ಕನ್ನಡವೂ ಅಲ್ಲ ತಮಿಳೂ ಅಲ್ಲವಾದ್ದರಿಂದ ಅಜ್ಜಿ ಒಪ್ಪಿಕೊಂಡಿದ್ದಾರೆ.

ಶನಿವಾರ ಮಧ್ಯಾಹ್ನ ಮ್ಯಾನೇಜರು ಪಂಢರಿಯನ್ನೂ ನನ್ನನ್ನೂ ಒಳಗೆ ಕರೆಸಿದರು. ಬಚ್ಚಿಟ್ಟ ಟಪಾಲಿನ ವಿಚಾರಣೆಯೆಂದು ನಾನು ಪಂಢರಿಯ ಬೆನ್ನ ಹಿಂದೆ ನಿಂತೆ. ವಿಷ್ಣುಮೂರ್ತಿಗಳು ಪ್ಯೂನನ್ನು ಹೊರಗೆ ಕಳಿಸಿದರು. ಎದ್ದು ಬಾಗಿಲು ತಾವೇ ಹಾಕಿದರು. ಕನ್ನಡಕ ತೆಗೆದು ಒರೆಸಿದರು. ಬಹಳ ಹೊತ್ತು ಕಿಟಕಿಯಾಚೆ ನೋಡಿದರು.

ಆಮೇಲೆ ದನಿ ತಗ್ಗಿಸಿ, "ನಮ್ಮ ಮನೆಯಲ್ಲಿ ನೀರು ಚೆಲ್ಲುವುದು ಕರಿಬೇವಿನ ಗಿಡಕ್ಕಂತೆ," ಎಂದರು.